ಕಾಮೆಂಟರಿ ಮಾವ

ನಮ್ಮ ಸೋದರಮಾವನಿಗೆ ದೇವರು ಕಣ್ಣು ಕೊಟ್ಟಿರುವುದು ಬರೀ ಶೋಕಿಗೆ. ನೋಡುವುದೆಲ್ಲ ಕಿವಿಯಲ್ಲೇ! ಊಟಿಯ ಅವರ ಗ್ಯಾರೇಜಿಗೆ ಗಾಡಿ ಬಂದರೆ ಬಾನೆಟ್ ಎತ್ತುವುದಿಲ್ಲ. ಕಣ್ಣು ಮುಚ್ಚಿ, ತಲೆ ವಾಲಿಸಿ, "ಇನ್ನೊಂದ್ಸಲ ರೇಸ್ ಮಾಡಪ್ಪಾ" ಅನ್ನುತ್ತಾರೆ. ನನ್ನ ನಿಶ್ಚಿತಾರ್ಥದ ದಿನ ಗಂಡಿನ ಕಡೆಯವರ ವ್ಯಾನು ಇನ್ನೂ ಕೆಳಗಿನ ತಿರುವಿನಲ್ಲಿತ್ತು. ನಾವೆಲ್ಲ ಆರತಿ ತಟ್ಟೆ ಹಿಡಿದು ನಿಂತಿದ್ದೇವೆ, ಮಾವ ಘೋಷಿಸಿಯೇಬಿಟ್ಟರು: "ಕ್ಲಚ್ ಹೋಗಿದೆ. ಈ ಏರು ಹತ್ತಲ್ಲ. ಆರತಿ ಆರಿಸಿಬಿಡಕ್ಕಾ!" ಅಮ್ಮ ಹಣೆ ಹಣೆ ಚಚ್ಚಿಕೊಂಡರು. ಅರ್ಧ ಗಂಟೆಯ ಮೇಲೆ ಗಂಡಿನ ಕಡೆಯವರು ಏದುಸಿರು ಬಿಡುತ್ತಾ ನಡೆದುಕೊಂಡು ಬಂದರು.

ಮದುವೆಯಲ್ಲಾದರೂ ಸುಮ್ಮನಿದ್ದರೇ? ತಾಳಿ ಕಟ್ಟುವ ಹೊತ್ತಿಗೆ ಮೈಕ್ ಹಿಡಿದು, "ಒಂದನೇ ಗಂಟು ಬಿತ್ತು... ಎರಡನೇದ್ರಲ್ಲಿ ಹುಡುಗ ಸ್ವಲ್ಪ ಸ್ಲೋ... ಅಗೋ, ನಾದಿನಿ ಓವರ್‌ಟೇಕ್ ಮಾಡಿ ಮೂರನೇದನ್ನ ತಾನೇ ಹಾಕ್ಬಿಟ್ಲು!" ಪುರೋಹಿತರೂ ಮಂತ್ರ ಬಿಟ್ಟು ಕೇಳುತ್ತಿದ್ದರು. ನಾನು ತಲೆ ತಗ್ಗಿಸಿದ್ದು ಕಂಡು, ಹುಡುಗಿಗೆ ಎಷ್ಟು ಸಂಕೋಚ ಎಂದು ಜನ ಮೆಚ್ಚಿಕೊಂಡರು. ಅವಮಾನದಿಂದ ಕುಗ್ಗಿಹೋಗಿದ್ದೆ ಅಂತ ಅವರಿಗೇನು ಗೊತ್ತು!

ನಾನು ಲೆಕ್ಚರರ್ ಆದ ವರ್ಷ ಸಹೋದ್ಯೋಗಿಗಳ ಜೊತೆ ಮಸಿನಗುಡಿಗೆ ಹೊರಟಿದ್ದೆ. ಕಲ್ಲಟ್ಟಿ ಇಳಿಜಾರಿನಲ್ಲಿ ವ್ಯಾನಿನ ಬ್ರೇಕು ಹೊಗೆಯಾಡಿತು. ಡ್ರೈವರ್ ಫೋನ್ ಮಾಡಿ ಕರೆಸಿದ ಮೆಕ್ಯಾನಿಕ್ ಯಾರು? ಮಾವ! ತಲೆಯಿಂದ ಕಾಲಿನವರೆಗೆ ಗ್ರೀಸು. ನನ್ನನ್ನು ಕಂಡು ಬಾಯಿ ತುಂಬ ನಕ್ಕರು.

"ನಿಮಗೆ ಪರಿಚಯಾನಾ?" ಎಂದರು ಪಕ್ಕದಲ್ಲಿದ್ದ ಇತಿಹಾಸದ ಮೇಡಂ. ಮೈಸೂರು ಕಡೆಯವರು, ಅಚ್ಚುಕಟ್ಟು ಸೀರೆ.

"ನಮ್ಮ ಕಾರ್ ರಿಪೇರಿ ಮಾಡೋರು" ಎಂದೆ. ಆಗ ನಮ್ಮ ಮನೆಯಲ್ಲಿ ಸೈಕಲ್ಲೂ ಇರಲಿಲ್ಲ!

ಮಾವನ ನಗು ಒಂದು ಕ್ಷಣ ನಿಂತಿತು. ಆಮೇಲೆ, "ಹೂಂ ಮೇಡಂ. ಕಾರು ಚೆನ್ನಾಗಿ ಓಡ್ತಿದೆಯಾ?" ಎಂದರು.

"ಓಡ್ತಿದೆ."

ನನ್ನನ್ನು ಹೆಗಲ ಮೇಲೆ ಹೊತ್ತು ಸ್ಕೂಲಿಗೆ ಬಿಟ್ಟವರು ನನಗೆ ಮೇಡಂ ಅಂದರು. ನಾನು ಅನ್ನಿಸಿಕೊಂಡೆ.

ಕೆಲವು ವರ್ಷಗಳ ಮೇಲೆ ನಡುವಟ್ಟಂ ಕಡೆ ಕಾರ್ ರ‍್ಯಾಲಿ ನಡೆಯಿತು. ಮಾವ ಹೋಗಿದ್ದು ರೇಸ್ ಕಾರುಗಳ ನಟ್ಟು ಬೋಲ್ಟು ಬಿಗಿಮಾಡಲು. ಮಂಜು ಕವಿದು ಟೀವಿಯವರಿಗೆ ಏನೂ ಕಾಣದೆ ಬಾಯಿ ಕಟ್ಟಿತು. ಮಾವ ಅವರ ಮೈಕ್ ಇಸಿದುಕೊಂಡು, ಕಣ್ಣು ಮುಚ್ಚಿ, ಬರೀ ಸದ್ದು ಕೇಳಿ, ಯಾವ ಗಾಡಿ ಮುಂದೆ, ಯಾವುದು ಹಿಂದೆ ಎಂದು ಇಡೀ ಸ್ಪರ್ಧೆ ವರ್ಣಿಸಿದರು! ಅಂದಿನಿಂದ ಕೋಟು ತೊಟ್ಟು ಟೀವಿಯಲ್ಲಿ ಕನ್ನಡ ಕಾಮೆಂಟರಿ.

ಕಳೆದ ತಿಂಗಳು ಅವರ ಸಂದರ್ಶನ ಬಂತು. ಸ್ಟಾಫ್‌ರೂಮಿನಲ್ಲಿ ಎಲ್ಲರೂ ಇತಿಹಾಸದ ಮೇಡಂ ಮೊಬೈಲಿಗೆ ಮುತ್ತಿಕೊಂಡಿದ್ದರು. ಮುಗಿದ ಕೂಡಲೇ 'ಇವರು ನಮ್ಮ ಮಾವ' ಎಂದು ಜಂಬ ಕೊಚ್ಚಲು ಕಾಯುತ್ತಿದ್ದೆ. ನೋಡಿ ನನ್ನ ಬುದ್ಧಿ!

"ನಿಮ್ಮ ಮನೇಲಿ ಬೇರೆ ಯಾರಿಗಾದರೂ ಈ ಹುಚ್ಚು ಇದೆಯಾ?" ಸಂದರ್ಶಕ ಕೇಳಿದ.

"ಅಕ್ಕನ ಮಗಳೊಬ್ಬಳಿದ್ದಾಳೆ ಸಾರ್. ಚಿಕ್ಕೋಳಿದ್ದಾಗ ಸ್ಪ್ಯಾನರ್ ನಂಬರೆಲ್ಲ ಬಾಯಿಪಾಠ ಅವಳಿಗೆ. ಈಗ ಕಾಲೇಜಲ್ಲಿ ಪಾಠ ಮಾಡ್ತಾಳೆ."

"ಹೆಸರು ಹೇಳಿ, ನೋಡ್ತಿರಬಹುದು!"

ಮಾವ ಅಡ್ಡಡ್ಡ ತಲೆಯಾಡಿಸಿದರು. "ಬೇಡ ಸಾರ್. ಅಲ್ಲಿ ಅವಳಿಗೊಂದು ಮರ್ಯಾದೆ ಇದೆ."

ಭೂಮಿ ಬಾಯಿಬಿಟ್ಟು ನನ್ನನ್ನು ನುಂಗಬಾರದೇ ಅನ್ನಿಸಿತು.

"ಯಾವ ಕಾಲೇಜೋ ಏನೋ" ಎಂದರು ಇತಿಹಾಸದ ಮೇಡಂ.

"ಇದೇ ಕಾಲೇಜು. ಅವಳು ನಾನೇ" ಎಂದೆ. ಎಲ್ಲರೆದುರು ಬಿಕ್ಕಿ ಬಿಕ್ಕಿ ಅತ್ತುಬಿಟ್ಟೆ.