ಒಂದೇ ತಂತಿಯ ಕಳ್ಳಪ್ರೇಮ

ತನ್ನದು ಗಂಧರ್ವಕಂಠ ಎಂಬುದರಲ್ಲಿ ಎಲ್ವುಡ್‌ಗೆ ಎಳ್ಳಷ್ಟೂ ಅನುಮಾನವಿರಲಿಲ್ಲ. ಅನುಮಾನವಿದ್ದದ್ದು ಹೆಂಡತಿ ಓಪಲ್‌ಗೆ. ಅವನು ಹಾಲು ಕರೆಯುತ್ತಾ ರಾಗ ತೆಗೆದರೆ, "ಹಸು ಒದ್ರೆ ನನ್ನ ಕೇಳ್ಬೇಡ" ಎನ್ನುತ್ತಿದ್ದಳು. (ಒಮ್ಮೆ ಒದ್ದಿತ್ತು. ಅದು ಕೇವಲ ಕಾಕತಾಳೀಯ ಎಂಬುದು ಎಲ್ವುಡ್‌ನ ವಾದ.)

ಹಾಗಾಗಿ ಟೆನೆಸಿ ರಾಜ್ಯದ ಅವರ ಕಣಿವೆಯಲ್ಲಿ ಅಗ್ನಿಶಾಮಕ ದಳದವರು ಶನಿವಾರ ಸಂಗೀತ ಸಂಜೆ ಇಟ್ಟುಕೊಂಡಾಗ, ಅವನು ಹೆಂಡತಿಗೆ ಹೇಳದೆಯೇ ಹೆಸರು ಕೊಟ್ಟುಬಂದ. ಹಾಡಬೇಕಾದದ್ದು ಹಳೆಯ, ಹಳ್ಳಿಗಾಡಿನ ಕಂಟ್ರಿ ಶೈಲಿಯ ಯುಗಳಗೀತೆ. ಹಾಡಿನ ಕಥೆಯಲ್ಲಿ ಅವನಿಗೂ ಮದುವೆಯಾಗಿದೆ, ಅವಳಿಗೂ ಆಗಿದೆ, ಬೇರೆ ಬೇರೆಯವರ ಜೊತೆ. ಗಿರಣಿಯ ಹಿಂದೆ ಕದ್ದು ಭೇಟಿ, ಆಮೇಲೆ ಧಾರಾಕಾರ ಕಣ್ಣೀರು. ಹೆಣ್ಣುದನಿಗೆ ಹೊಳೆಯಾಚೆಯ ವಿಧವೆ ಲವಾನ್ ಒಪ್ಪಿದ್ದಳು. ಅವಳ ಮನೆಗೆ ಹೋದರೆ ಊರು ಆಡಿಕೊಳ್ಳುತ್ತದೆಂದು ಎಲ್ವುಡ್ ಬುದ್ಧಿ ಓಡಿಸಿದ. ಫೋನಿನಲ್ಲೇ ಅಭ್ಯಾಸ! ಓಪಲ್ ಕೋಳಿಗೂಡಿಗೆ ಹೋದೊಡನೆ ರಿಸೀವರ್ ಎತ್ತಿ, "ಯಾರಿಗೂ ತಿಳಿಯದಿರಲಿ ನಲ್ಲೆ" ಎಂದು ಶುರು ಮಾಡುತ್ತಿದ್ದ. ಕಣಿವೆಯ ಐದು ಮನೆಗಳಿಗೂ ಫೋನಿನ ತಂತಿ ಒಂದೇ, ಯಾರು ರಿಸೀವರ್ ಎತ್ತಿದರೂ ಎಲ್ಲರ ಮಾತೂ ಕೇಳುತ್ತದೆ ಎಂಬುದು ಆ ಪ್ರೇಮಾವೇಶದಲ್ಲಿ ಅವನಿಗೆ ಮರೆತೇ ಹೋಗಿತ್ತು.

ಬುಧವಾರ ಪಕ್ಕದ ಮನೆಯ ಮರ್ಟಲಮ್ಮ ಪಾತ್ರೆ ತುಂಬ ಕೋಳಿ ಬೇಯಿಸಿದ ಕ್ಯಾಸರೋಲ್ ಹಿಡಿದು ಬಂದು, ಓಪಲ್‌ಳನ್ನು ತಬ್ಬಿಕೊಂಡು, "ಧೈರ್ಯ ತಂದ್ಕೋ ಮಗಳೇ" ಎಂದಳು. ಆ ಊರಲ್ಲಿ ಹಾಗೆ ಕ್ಯಾಸರೋಲ್ ಬರುವುದು ಮನೆಯಲ್ಲಿ ಸಾವಾದರೆ, ಇಲ್ಲವೇ ಮನೆ ಸುಟ್ಟರೆ. ಸಂಜೆಗೆ ಪೀಚ್ ಹಣ್ಣು ತುಂಬಿದ ಸಿಹಿ ಪೈ ಬಂತು. ಮರುದಿನ ಹಂದಿಯ ತೊಡೆ. ಓಪಲ್ ಎಲ್ಲವನ್ನೂ ಒಂದೊಂದು ನಿಟ್ಟುಸಿರಿನೊಂದಿಗೆ ಒಳಗಿಟ್ಟುಕೊಂಡಳು.

ಎಲ್ವುಡ್‌ಗೆ ತಟ್ಟನೆ ಫೋನಿನ ತಂತಿ ನೆನಪಾಯಿತು. ಊರವರು ಹಾಡನ್ನೇ ನಿಜವಾದ ಕಳ್ಳಪ್ರೇಮ ಎಂದುಕೊಂಡಿದ್ದಾರೆ! (ಈ ವಯಸ್ಸಿನಲ್ಲೂ ಊರು ತನ್ನನ್ನು ಶೃಂಗಾರಪುರುಷ ಎಂದುಕೊಂಡಿದೆಯಲ್ಲ ಎಂದು ಕನ್ನಡಿಯೆದುರು ಒಮ್ಮೆ ಮೀಸೆ ತೀಡಿದ್ದೂ ಉಂಟು.) ಆದರೆ ಓಪಲ್ ಗಂಟುಮೂಟೆ ಕಟ್ಟಿ ತಂಗಿಯ ಮನೆಗೆ ಹೊರಟುಬಿಟ್ಟರೆ? ಅವಳಿಲ್ಲದ ಅಡುಗೆಮನೆಯನ್ನು ನೆನೆದೇ ಅವನಿಗೆ ಅಳು ಬಂತು. ಮೀಸೆ ತೀಡುವುದನ್ನು ಬಿಟ್ಟು ಓಡಿದ.

ಅಡುಗೆಮನೆಯಲ್ಲಿ ಓಪಲ್ ಮತ್ತು ಮರ್ಟಲಮ್ಮ ಪೈ ತಿನ್ನುತ್ತಾ ಕೂತಿದ್ದರು.

"ಓಪಲ್, ನನ್ನಾಣೆ, ಲವಾನ್‌ಗೂ ನನಗೂ ಏನೂ ಇಲ್ಲ! ಅದು ಬರೀ ಹಾಡು!"

ಮರ್ಟಲಮ್ಮ ಫೋರ್ಕ್ ಕೆಳಗಿಟ್ಟಳು. "ಹಾಡು ಅಂತ ಗೊತ್ತು ಕಣಯ್ಯಾ. ಲವಾನ್ ಹಾಡ್ತಿದ್ಲಲ್ಲ. ನೀನು ಮಾಡ್ತಿದ್ದದ್ದು ಏನೂಂತಾನೇ ನಮಗೆ ಮೊದ್ಲು ತಿಳೀಲಿಲ್ಲ."

"ಮತ್ತೆ ಈ ಕ್ಯಾಸರೋಲು, ಈ ಪೈ?"

"ನಾವಾದ್ರೆ ಸಾಕು ಅನ್ನಿಸ್ದಾಗ ಫೋನ್ ಇಟ್ಬಿಡ್ತೀವಪ್ಪಾ. ಪಾಪ, ಇವಳು ಮೂವತ್ತು ವರ್ಷದಿಂದ ನಿನ್ನ ಎಲ್ಲಿ ಇಡ್ತಾಳೆ?"

ಎಲ್ವುಡ್ ಹೆಂಡತಿಯತ್ತ ತಿರುಗಿದ. "ನಿನಗೂ ಗೊತ್ತಿತ್ತಾ?"

"ಮತ್ತೆ ನಾನು ದಿನಾ ಅಷ್ಟು ಹೊತ್ತು ಕೋಳಿಗೂಡಲ್ಲಿ ಯಾಕೆ ಕೂತಿರ್ತಿದ್ದೆ?"

ಶೃಂಗಾರಪುರುಷನ ಮುಖ ಹುಳ್ಳಗಾಯಿತು. "ಆಯ್ತು ಬಿಡು. ಶನಿವಾರ ನಾನು ಹಾಡಲ್ಲ."

ಓಪಲ್ ಗಾಬರಿಯಿಂದ ಎದ್ದೇಬಿಟ್ಟಳು. "ಅಯ್ಯೋ, ಹಾಗನ್ಬೇಡ ಕಣೋ! ಬರೀ ಮೂರ್ನಾಲ್ಕು ಮನೆ ಕೇಳಿದ್ದಕ್ಕೇ ಇಷ್ಟು ಬಂದಿದೆ. ಶನಿವಾರ ಇಡೀ ಊರು ಕೇಳಿದ್ರೆ, ಕ್ರಿಸ್‌ಮಸ್‌ವರೆಗೂ ನಾನು ಒಲೆ ಹಚ್ಚೋ ಹಾಗಿಲ್ಲ!"