ಬಾವಿ ತೋಡಿದವನ ಹೆಸರು

ಇತಿಹಾಸ ಬರೆಯುವವನ ಕಾಲಿಗೆ ಧೂಳು ಅಂಟಿಕೊಂಡಷ್ಟೇ ಸುಲಭವಾಗಿ ನಗೆಪಾಟಲೂ ಅಂಟಿಕೊಳ್ಳುತ್ತದೆ. ಎಪ್ಪತ್ತರ ದಶಕದಲ್ಲಿ ನಾನು ಸಿಂದಗಿಯಲ್ಲಿ ಇತಿಹಾಸದ ಮಾಸ್ತರ. ಪಾಠ ಹೇಳುವುದು ಸಾಲದೆಂದು ಪುಸ್ತಕ ಬರೆಯುವ ಚಟವನ್ನೂ ಹಚ್ಚಿಕೊಂಡಿದ್ದೆ.

ಹೋದ ರಾಜ್ಯ

ಮೊದಲ ಪುಸ್ತಕ ಆದಿಲಶಾಹಿ ಸಾಮ್ರಾಜ್ಯದ ಏಳುಬೀಳಿನದು. ಅದರ ಮೇಲೆ ಮಾತಾಡಲು ಇಂಡಿಗೆ ಕರೆದರು. ಕೋಟೆ ಬಿದ್ದದ್ದನ್ನು ಹೇಳುವಾಗ ನಾನೇ ಕಣ್ಣೊರೆಸಿಕೊಂಡೆ. ಮುಂದಿನ ಸಾಲಿನಲ್ಲಿ ಕೂತಿದ್ದ ಮುದುಕ ರೈತನೊಬ್ಬ ಕೈ ಎತ್ತಿದ.

"ರಾಜ್ಯ ಹೋತು ಅಂದ್ರಲ್ರಿ, ಯಾರ ಕೈಗೆ ಹೋತು?"

"ಮೊಗಲರ ಕೈಗ್ರಿ."

"ಆಮ್ಯಾಲ?"

"ಮರಾಠರು, ಆಮ್ಯಾಲ ಇಂಗ್ಲಿಷರು."

"ಈಗ ಯಾರ ಕೈಯಾಗೈತಿ?"

"ಈಗ ನಮ್ಮ ಕೈಯಾಗೇ ಐತ್ರಿ."

"ಹಂಗಾದ್ರ ತಿರುಗಿ ಬಂತಲ್ರಿ. ಮತ್ಯಾಕ ಅಳಾಕತ್ತೀರಿ?"

ಮುತ್ಯಾನೇ ಇಲ್ಲದ ಮನೆ

ಅದೇ ಸಭೆಯಲ್ಲಿ ಇನ್ನೊಬ್ಬ ಕೇಳಿದ, "ಆದಿಲಶಾಹಿಯ ಅಷ್ಟು ದೊಡ್ಡ ದಂಡಿಗೆ ಕುಡ್ಯಾಕ ನೀರು ಕೊಟ್ಟಾವ ಯಾರ್ರಿ?" ದಂಡು ನೀರು ಕುಡಿದ ಬಾವಿ ಬಸವನ ಬಾಗೇವಾಡಿ ತಾಲೂಕಿನ ಒಂದು ಹಳ್ಳಿಯದು ಎಂದು ಗೊತ್ತಿತ್ತು. ಸರದಾರರ ಕುದುರೆಗಳ ಹೆಸರು ಸಹ ಗೊತ್ತಿತ್ತು. ಬಾವಿ ತೋಡಿದವನ ಹೆಸರು ಗೊತ್ತಿರಲಿಲ್ಲ. ನಿಜವಾಗಿ ನಾಚಿಕೆಯಾಯಿತು. ಎರಡನೆಯ ಪುಸ್ತಕ ಇಂಥ ಮರೆತುಹೋದವರ ಮೇಲೆಯೇ, ಮೊದಲ ಅಧ್ಯಾಯ ಅವನದೇ ಎಂದು ಹಟ ಹಿಡಿದೆ.

ಬಾವಿ ತೋಡಿದ್ದಕ್ಕೆ ಅವನಿಗೆ ಮುದ್ದೇಬಿಹಾಳದ ಕಡೆ ಇನಾಮು ಹೊಲ ಸಿಕ್ಕಿತ್ತೆಂದು ಯಾರೋ ಹೇಳಿದರು. ಹೋದೆ. ಆಗ ಉಳುವವನೇ ಒಡೆಯ ಎಂಬ ಕಾಯ್ದೆ ಬಂದು, ಹೊಲ ಇದ್ದವರಿಗೆಲ್ಲ ನಿದ್ದೆ ಹಾರಿತ್ತು. ನಾನು ಅದನ್ನು ಮರೆತು, ಕಂಕುಳಲ್ಲಿ ದಫ್ತರ ಇಟ್ಟುಕೊಂಡು ಹೊಲದ ಧಣಿಯನ್ನು ಕೇಳಿದೆ, "ನಿಮ್ಮ ಮುತ್ಯಾನ ಕಾಲದಾಗ ಈ ಹೊಲ ಯಾರದಿತ್ರಿ?"

ಆತ ನನ್ನನ್ನು ನೋಡಿದ, ದಫ್ತರ ನೋಡಿದ, ಚಹಾ ಇಡಬೇಡೆಂದು ಒಳಗೆ ಸನ್ನೆ ಮಾಡಿ ಕೈಮುಗಿದ.

"ಸಾಹೇಬರ, ನಮ್ಮ ಮನ್ಯಾಗ ಮುತ್ಯಾ ಅನ್ನಾವ ಯಾರೂ ಇದ್ದೇ ಇಲ್ರಿ. ನಮ್ಮಪ್ಪ ಹಂಗ ಹುಟ್ಯಾನ."

ಒಡಪು

ಪುಸ್ತಕ ಅಚ್ಚಿಗೆ ಹೋಯಿತು. ಅಚ್ಚಿನ ಮೊಳೆ ಜೋಡಿಸುವವರು ಬಾವಿಯವನ ಹೆಸರಿನ ಜಾಗ ಖಾಲಿ ಬಿಟ್ಟು, "ಸೋಮವಾರದೊಳಗ ಹೆಸರು ಕೊಡ್ರಿ, ಇಲ್ಲಾಂದ್ರ ಆ ಅಧ್ಯಾಯ ತಗೀತೇವಿ" ಎಂದು ಕಾಗದ ಹಾಕಿದರು. ಇಷ್ಟು ಕಾಲ ಎಲ್ಲರೂ ಮರೆತವನನ್ನು ಕಡೆಗೆ ನಾನೂ ಕೈಬಿಡಬೇಕಾಯಿತಲ್ಲ ಎಂದು ಸಂಕಟವಾಯಿತು. ಶನಿವಾರ ಆ ಬಾವಿಗೇ ಹೋದೆ. ಅಲ್ಲಿಯವರೆಗೆ ಊರೂರಿನ ಕಾಗದಪತ್ರ ಜಾಲಾಡಿದ್ದೆನೇ ಹೊರತು, ಬಾವಿಯ ಹತ್ತಿರ ಹೋಗಿ ಕೇಳುವ ಬುದ್ಧಿ ಬಂದಿರಲಿಲ್ಲ.

ಬಾವಿ ತೋಡಿದವರು ಯಾರೆಂದು ಕೇಳಿದ್ದಕ್ಕೆ, ಕಟ್ಟೆಯ ಮೇಲೆ ಅರಿವೆ ಹಿಂಡುತ್ತಿದ್ದ ಅಜ್ಜಿ, "ಯಾಕ ಗೊತ್ತಿಲ್ಲ? ನಮ್ಮ ಮನಿಯವರ ಹಿರೇರು ತೋಡಿದ್ದು" ಎಂದಳು. ನಾನು ಪೆನ್ನು ತೆಗೆದೆ.

"ಹೆಸರೇನ್ರಿ ಯವ್ವಾ?"

"ಅದು ಹೇಳಾಕ ಬರೂದಿಲ್ಲಪ್ಪ. ಅವರ ಹೆಸರನ ನಮ್ಮ ಮನಿಯವರಿಗೆ ಇಟ್ಟಾರ."

ಗಂಡನ ಹೆಸರು ಹೆಂಡತಿ ಬಾಯಲ್ಲಿ ತರಬಾರದು. ಪಕ್ಕದ ಹೆಂಗಸರನ್ನು ಕೇಳಿದರೆ ಅವರು ಸೆರಗು ಬಾಯಿಗೆ ಹಿಡಿದು ನಕ್ಕರು. ಅವಳ ಗಂಡ ಅಜ್ಜ ಅಲ್ಲೇ ಬೇವಿನ ನೆರಳಲ್ಲಿ ಎಲೆಯಡಿಕೆ ಜಗಿಯುತ್ತ ಕೂತಿದ್ದ. ಓಡಿಹೋಗಿ ಅವನನ್ನೇ ಕೇಳಿದೆ.

"ಗೊತ್ತೈತಿ ಅಂದಾಕಿ ಅಕಿ. ಹೆಸರೂ ಅಕೀನ ಹೇಳ್ಲಿ," ಎಂದ ಅಜ್ಜ. "ಮದಿವ್ಯಾಗ ಹೇಳಿದಂಗ ಹೆಸರು ಪದದಾಗ ಕೂಡಿಸಿ ಒಡಪು ಕಟ್ಟಿ ಹೇಳಿದ್ರ ದೋಷಿಲ್ಲ."

ನನ್ನ ಕೆಲಸಕ್ಕೆ ಇವನ ಚೇಷ್ಟೆ ಬೇರೆ. ಹೆಂಗಸರೆಲ್ಲ ಸುತ್ತ ಕೂಡಿದರು. ನಾನು ಕೈಮುಗಿದೆ. ಅಜ್ಜಿ ಒದ್ದೆ ಕೈಯಿಂದಲೇ ಸೆರಗನ್ನು ತಲೆಯ ಮೇಲೆ ಎಳೆದುಕೊಂಡು, ನೆಲ ನೋಡುತ್ತ ಹೇಳಿದಳು:

"ಹಗ್ಗ ಬಿಟ್ರ ಬಾವಿ ಕೊಡತೈತಿ ಕೊಡ ತುಂಬ ನೀರು,
ಸಿದರಾಯನವರ ಹೆಸರ ಹೇಳೇನಿ, ಇನ್ನ ಕೇಳಬ್ಯಾಡ್ರಿ ಯಾರೂ."

ಸಿದರಾಯ ಎಂದು ಬರೆದುಕೊಂಡೆ. ಸಂತೋಷಕ್ಕೆ ಅದರ ಕೆಳಗೆ ಎರಡು ಸಲ ಗೆರೆ ಎಳೆದೆ. ಅಜ್ಜ ಜಗಿಯುವುದನ್ನು ನಿಲ್ಲಿಸಿದ್ದ. ಮದುವೆಯ ದಿನ ಬಿಟ್ಟರೆ ಆ ಬಾಯಿಂದ ಅವನ ಹೆಸರು ಬಂದದ್ದು ಅಂದೇ ಅಂತೆ. ಮೆಲ್ಲಗೆ ನನ್ನ ತೋಳು ಜಗ್ಗಿದ.

"ಮಾಸ್ತರ, ನಿಮಗ ಬರೋಬರಿ ಕೇಳಿಸಿರಲಿಕ್ಕಿಲ್ಲ. ಇನ್ನೊಮ್ಮೆ ಕೇಳ್ರಿ."