ಬಾಯಿ ಬಿಡದ ಕ್ಯಾಮೆರಾ

ಗಂಡನ ಮಣ್ಣು ಮುಗಿಸಿ ನೆಂಟರೆಲ್ಲ ಹೊರಟುಹೋದ ಮಾರನೆಯ ಬೆಳಗ್ಗೆ ಹಾಲು ಉಕ್ಕಿತು. ಆಕೆ ಒಲೆ ಆರಿಸದೆ ನೋಡುತ್ತ ನಿಂತಳು. ಅವನಿದ್ದಾಗ, ನೋಡುತ್ತ ನಿಲ್ಲುವ ಕೆಲಸ ಅವನದಾಗಿತ್ತು.

ಅವನು ಬೀದಿಯ ಜನರ ದಿನನಿತ್ಯದ ಬದುಕನ್ನು ಇದ್ದದ್ದು ಇದ್ದಂತೆ, ಒಬ್ಬೊಬ್ಬರಿಗೊಂದು ಕ್ಯಾಸೆಟ್ಟಿನಂತೆ, ವಿಡಿಯೋ ತೆಗೆಯುವ ಕಲಾವಿದ. ಕ್ಯಾಮೆರಾ ಹಿಡಿದವನು ಏನನ್ನೂ ಮುಟ್ಟಬಾರದು, ಬಾಯಿ ಬಿಡಬಾರದು ಎಂಬುದು ಅವನ ನಿಯಮ. ಕಿಟಕಿಯ ಪರದೆಗೆ ಕಿಡಿ ತಾಗಿದಾಗಲೂ ಮನೆಯಲ್ಲಿ ಅದನ್ನು ಪಾಲಿಸಿದ್ದ.

ಈಗ ಆಕೆಗೆ ಬೇಕಿದ್ದದ್ದು ಅವನ ಒಂದೇ ಒಂದು ಮಾತು. ದನಿ ಆಗಲೇ ನೆನಪಿನಿಂದ ಜಾರತೊಡಗಿತ್ತು. ಅಡುಗೆಮನೆಯಲ್ಲಿ ತೆಗೆದ ಕೊನೆಯ ಕ್ಯಾಸೆಟ್ಟು ಕ್ಯಾಮೆರಾದೊಳಗೇ ಇತ್ತು. ಅದರಲ್ಲಾದರೂ ಬಾಯಿತಪ್ಪಿ ಏನಾದರೂ ಅಂದಿರಬಹುದು. ಆದರೆ ಆ ಹಳೇ ಕ್ಯಾಮೆರಾ ಸ್ಟುಡಿಯೋದವರಿಂದ ಕಡ ತಂದದ್ದು. "ಸಂಜೆಯೊಳಗೆ ಬೇಕಿತ್ತು ತಂಗಿ" ಎಂದು ಅವರು ಆಗಲೇ ಫೋನ್ ಮಾಡಿದ್ದರು.

ಗುಂಡಿ ಒತ್ತುವಷ್ಟರಲ್ಲಿ ಬಾಗಿಲು ಬಡಿಯಿತು. ಕೆಳಮನೆಯ ದೊಡ್ಡಮ್ಮ ಒಂದು ಕಣ್ಣೊರೆಸಿಕೊಳ್ಳುತ್ತ, ಇನ್ನೊಂದರಿಂದ ಕಪಾಟು ಹುಡುಕುತ್ತ ಒಳಬಂದರು.

"ದೇವರಂಥ ಹುಡುಗ ಕಣೇ. ಅಂದಹಾಗೆ, ನನ್ನ ಕ್ಯಾಸೆಟ್ಟು ಎಲ್ಲಿ?"

"ಯಾಕೆ ದೊಡ್ಡಮ್ಮ?"

"ಸೊಸೆ ವಿಷಯ ಏನೇನೋ ಒದರಿಬಿಟ್ಟಿದ್ದೀನಿ. ಅವಳ ಕೈಗೆ ಸಿಕ್ಕಿದ್ರೆ, ನಿಮ್ಮನೆ ಮಣ್ಣಿಗೆ ಬಂದ ನೆಂಟರೆಲ್ಲ ನಮ್ಮನೆಗೂ ಇಳಿಯಬೇಕಾಗುತ್ತೆ!"

ಮನೆಯಲ್ಲೇ ಬಾಯಿ ಬಿಡದವನು ಹೊರಗೆ ಬಿಟ್ಟಾನೆಯೇ? ಗಂಡನ ದನಿಯಿಲ್ಲದ ಕ್ಯಾಸೆಟ್ಟು ಇಟ್ಟುಕೊಂಡು ಮಾಡುವುದೇನು? ಹೆಸರು ಅಂಟಿಸಿದ್ದನ್ನು ನೋಡಿ ಕೊಟ್ಟಳು. ದೊಡ್ಡಮ್ಮ ಟೇಪು ಹಿಡಿದು ಅದರ ಕರುಳು ಎಳೆಯುತ್ತಿರುವಾಗಲೇ ಬೀದಿಯ ದರ್ಜಿ ಕತ್ತರಿ ಸಮೇತ ಹಾಜರಾದ.

"ಗಿರಾಕಿ ಪ್ಯಾಂಟು ನಾನೇ ಹಾಕ್ಕೊಂಡು ಮೆರೆದದ್ದು ನಂದರಲ್ಲಿದೆ ಅಕ್ಕಾ. ಕೊಟ್ಬಿಡಿ."

ಸುದ್ದಿ ಹಬ್ಬಿ ಬೀದಿಗೆ ಬೀದಿಯೇ ಮೆಟ್ಟಿಲೇರಿತು. ಮಧ್ಯಾಹ್ನದ ಹೊತ್ತಿಗೆ ಆಕೆಯ ಮನೆಯ ನೆಲ ಕ್ಷೌರದಂಗಡಿಯ ನೆಲದಂತಾಗಿತ್ತು. ಎಲ್ಲೆಲ್ಲೂ ಕತ್ತರಿಸಿದ ಕಪ್ಪು ಟೇಪು.

ಕೊನೆಗೆ ಚಿಲಕ ಹಾಕಿ ಗುಂಡಿ ಒತ್ತಿದಳು. ಪುಟ್ಟ ಪರದೆಯಲ್ಲಿ ತನ್ನದೇ ಬೆನ್ನು. ಹಾಲು ಏರಿತು, ಏರಿತು, ಉಕ್ಕಿತು.

"ನೋಡ್ತಾ ನಿಂತಿದ್ದೀರಲ್ರೀ! ಒಂದು ಮಾತು ಹೇಳಬಾರದಾ?" ಇದು ಅವಳದೇ ದನಿ.

ಒಲೆ ಚುಂಯ್ ಎಂದಿತು. ಅಷ್ಟೇ.

ಕ್ಯಾಮೆರಾ ಹಿಡಿದು ಮೆಟ್ಟಿಲಿಳಿಯುವಾಗ ದೊಡ್ಡಮ್ಮ ಅಡ್ಡ ಬಂದರು. "ಬದುಕಿಸಿದೆ ಕಣೇ. ಆದ್ರೂ ತಪ್ಪೆಲ್ಲ ನಿನ್ನ ಗಂಡನದೇ. ಕ್ಯಾಮೆರಾ ಹಿಂದೆ ನಿಂತು ವಟವಟ ಅಂತ ನಗಿಸಿ ನಗಿಸಿ ನನ್ನ ಬಾಯಿ ಬಿಡಿಸಿದ. ಕ್ಯಾಸೆಟ್ಟಿನ ತುಂಬ ಅವನದೇ ಮಾತು!"

"ಮಾತಾ? ಇವರದಾ?"

"ನಂದರಲ್ಲಿ ಹಾಡೂ ಇತ್ತಕ್ಕಾ," ಎಂದ ಹಿಂದೆಯೇ ನಿಂತಿದ್ದ ದರ್ಜಿ. "ಮನೇಲಿ ಮಾತ್ರ ಬಾಯಿ ಬಿಡೋ ಹಾಗಿಲ್ಲ, ಹೆಂಡ್ತಿ ಓದಿದೋಳು, ನಿಯಮ ತಪ್ಪಿದ್ರೆ ನಗ್ತಾಳೆ ಅಂತಿದ್ರು."

ಸಂಜೆ ಸ್ಟುಡಿಯೋದವರು ಕ್ಯಾಮೆರಾ ತಿರುಗಿಸಿ ನೋಡಿದರು. ಒಳಗಿದ್ದ ಕ್ಯಾಸೆಟ್ಟು ಓಡಿಸಿ ಕಿವಿಗೆ ಹಿಡಿದರು.

"ಇದೇನು ತಂಗಿ, ಅವರ ಮಾತೇ ಇಲ್ವಲ್ಲ! ಇದು ಯಾರ ಮನೇದು?"

"ನಮ್ಮದು," ಎಂದು ಆಕೆ ಕ್ಯಾಸೆಟ್ಟಿಗೆ ಕೈ ಚಾಚಿದಳು.